ಕಂತು ಮಾತ್ರವಲ್ಲ, ಒಟ್ಟು ಬೆಲೆ ಹೇಳಿ: ಪಶ್ಚಿಮ ಬೆಂಗಳೂರಿನ ಮನೆಸಾಲಗಾರರ ಹಕ್ಕೊತ್ತಾಯ ಪತ್ರ

ಇವರಿಗೆ,
ಪ್ರಾದೇಶಿಕ ನಿರ್ದೇಶಕರು, ಭಾರತೀಯ ರಿಸರ್ವ್ ಬ್ಯಾಂಕ್, ನೃಪತುಂಗ ರಸ್ತೆ, ಬೆಂಗಳೂರು
ಸಂಚಾಲಕರು, ಕರ್ನಾಟಕ ರಾಜ್ಯ ಮಟ್ಟದ ಬ್ಯಾಂಕರುಗಳ ಸಮಿತಿ, ಕೆನರಾ ಬ್ಯಾಂಕ್, ಬೆಂಗಳೂರು
ನೋಂದಣಿ ಮಹಾಪರಿವೀಕ್ಷಕರು ಹಾಗೂ ಮುದ್ರಾಂಕಗಳ ಆಯುಕ್ತರು, ಕರ್ನಾಟಕ ಸರ್ಕಾರ
ಆಯುಕ್ತರು, ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರ (ಬಿಡಿಎ)
ಅಧ್ಯಕ್ಷರು, ಕರ್ನಾಟಕ ರಿಯಲ್ ಎಸ್ಟೇಟ್ ನಿಯಂತ್ರಣ ಪ್ರಾಧಿಕಾರ (ರೇರಾ)

ಮಾನ್ಯರೆ,

ನಾವು ರಾಜಾಜಿನಗರ, ಬಸವೇಶ್ವರನಗರ, ವಿಜಯನಗರ, ಕೆಂಗೇರಿ ಕಡೆಯವರು. ನಮ್ಮಲ್ಲಿ ಮನೆಸಾಲ ಕಟ್ಟುತ್ತಿರುವವರಿದ್ದಾರೆ, ಕಟ್ಟಿ ಮುಗಿಸಿದವರಿದ್ದಾರೆ, ಇನ್ನೂ ಅರ್ಜಿ ಹಿಡಿದು ಓಡಾಡುತ್ತಿರುವವರಿದ್ದಾರೆ. ನಮ್ಮ ಹಿರಿಯರಲ್ಲಿ ಅನೇಕರು ಈ ಭಾಗದಲ್ಲಿ ಮನೆ ಕಟ್ಟಿಕೊಂಡದ್ದು ಸಿಟಿ ಇಂಪ್ರೂವ್‌ಮೆಂಟ್ ಟ್ರಸ್ಟ್ ಬೋರ್ಡು ಹಂಚಿದ ನಿವೇಶನದಲ್ಲಿ, ಕಾರ್ಖಾನೆಯೋ ಸರ್ಕಾರಿ ಕಚೇರಿಯೋ ಕೊಟ್ಟ ಮುಂಗಡದಲ್ಲಿ. ಕೇಂದ್ರ ಸರ್ಕಾರಿ ನೌಕರರಿಗೆ ಸಿಗುವ ಗೃಹನಿರ್ಮಾಣ ಮುಂಗಡಕ್ಕೆ ಇವತ್ತಿಗೂ ಸರಳ ಬಡ್ಡಿ. ಹೆಚ್ಚೆಂದರೆ 180 ಕಂತುಗಳಲ್ಲಿ ಅಸಲು ಮೊದಲು ತೀರುತ್ತದೆ, ಆಮೇಲೆ ಹೆಚ್ಚೆಂದರೆ 60 ಕಂತುಗಳಲ್ಲಿ ಬಡ್ಡಿ. ಹಾಗೆ ತೀರಿದ ಮನೆಗಳಲ್ಲಿ ಹುಟ್ಟಿ ಬೆಳೆದ ಮಕ್ಕಳು ಈಗ ಬ್ಯಾಂಕಿನ ಸಾಲಕ್ಕೆ ಸಹಿ ಹಾಕುತ್ತಿದ್ದಾರೆ. ಇಲ್ಲಿ ಮೊದಮೊದಲ ಕಂತಿನ ಬಹುಪಾಲು ಬಡ್ಡಿಗೇ ಹೋಗುತ್ತದೆ, ಅಸಲು ನಿಧಾನಕ್ಕೆ ಕರಗುತ್ತದೆ. ಈ ವ್ಯತ್ಯಾಸವನ್ನು ಕೂರಿಸಿ ತಿಳಿಸಿ ಹೇಳುವವರು ಯಾರೂ ಇಲ್ಲ.

ಒಂದು ಲೆಕ್ಕವನ್ನು ನಿಮ್ಮ ಮುಂದಿಡುತ್ತೇವೆ. ಫ್ಲಾಟಿನ ಬೆಲೆ ₹70 ಲಕ್ಷ, ಸಾಲ ₹50 ಲಕ್ಷ, ಬಡ್ಡಿ ಶೇ 8.5, ಅವಧಿ 20 ವರ್ಷ ಎಂದಿಟ್ಟುಕೊಳ್ಳಿ. ತಿಂಗಳ ಕಂತು ₹43,391. ಇಷ್ಟನ್ನು ಎಲ್ಲರೂ ಹೇಳುತ್ತಾರೆ. 240 ಕಂತು ಸೇರಿ ₹1 ಕೋಟಿ 4 ಲಕ್ಷ ದಾಟುತ್ತದೆ, ಅಂದರೆ ಬಡ್ಡಿಯೇ ₹54 ಲಕ್ಷಕ್ಕೂ ಮೇಲೆ. ಕೈಯಿಂದ ಹಾಕಬೇಕಾದ ₹20 ಲಕ್ಷ ಬೇರೆ. ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ಮುದ್ರಾಂಕ ಮತ್ತು ನೋಂದಣಿಗೆಂದು ಸುಮಾರು ₹5.32 ಲಕ್ಷ ಬೇರೆ. ಎಲ್ಲ ಕೂಡಿದರೆ ₹70 ಲಕ್ಷದ ಫ್ಲಾಟು ₹1 ಕೋಟಿ 29 ಲಕ್ಷಕ್ಕೆ ಬಂದು ನಿಲ್ಲುತ್ತದೆ. ಮರದ ಕೆಲಸ, ಅಸೋಸಿಯೇಷನ್ ಠೇವಣಿ, ಖಾತಾ ಬದಲಾವಣೆ, ವಿಮೆ ಇದರಲ್ಲಿ ಸೇರಿಲ್ಲ.

ಬಡ್ಡಿ ತೆಗೆದುಕೊಳ್ಳುವುದೇ ಅನ್ಯಾಯ ಎಂಬುದು ನಮ್ಮ ವಾದವಲ್ಲ. ಅದೇ ಶಾಖೆಯಲ್ಲಿ ನಮ್ಮ ತಂದೆತಾಯಿಯರ ಎಫ್‌ಡಿ ಇದೆ, ಅವರ ಔಷಧಿ ಖರ್ಚು ನಡೆಯುವುದು ಬ್ಯಾಂಕು ಕೊಡುವ ಬಡ್ಡಿಯಿಂದಲೇ. ಇಪ್ಪತ್ತು ವರ್ಷದ ನಂತರದ ರೂಪಾಯಿಗೆ ಇವತ್ತಿನ ಬೆಲೆ ಇರುವುದಿಲ್ಲ, ಸ್ವಂತ ಮನೆಯಿದ್ದರೆ ಬಾಡಿಗೆ ಉಳಿಯುತ್ತದೆ ಎಂಬುದೂ ನಮಗೆ ಗೊತ್ತು. ಇವನ್ನೆಲ್ಲ ತೂಗಿ ನೋಡಿ ಸಾಲ ಮಾಡುವುದೋ ಬೇಡವೋ ಎಂದು ತೀರ್ಮಾನಿಸುವ ಹಕ್ಕು ನಮ್ಮದು. ತೂಗಬೇಕಾದರೆ ಪೂರ್ತಿ ಅಂಕಿ ಕೈಗೆ ಸಿಗಬೇಕು. ಬರೀ ಕಂತು ತೋರಿಸಿದರೆ ಏನನ್ನು ತೂಗುವುದು? ನಮ್ಮ ಬೇಡಿಕೆಗಳು ಇವು.

1. ಒಟ್ಟು ಮೊತ್ತ ಮೊದಲ ಪುಟದಲ್ಲೇ, ದಪ್ಪ ಅಕ್ಷರದಲ್ಲಿ ಬರಲಿ

ರಿಸರ್ವ್ ಬ್ಯಾಂಕ್ 2024ರ ಏಪ್ರಿಲ್ 15ರಂದು ಹೊರಡಿಸಿದ ಸುತ್ತೋಲೆಯ ಪ್ರಕಾರ, ಅದೇ ವರ್ಷದ ಅಕ್ಟೋಬರ್ 1ರಿಂದ ಮಂಜೂರಾಗುವ ಪ್ರತಿ ಮನೆಸಾಲಕ್ಕೂ ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ ಕೊಡಬೇಕು. ಬಡ್ಡಿಯ ಜೊತೆ ಪ್ರೊಸೆಸಿಂಗ್ ಫೀ, ಲೀಗಲ್ ಫೀ, ಬ್ಯಾಂಕಿನ ಮೂಲಕ ವಸೂಲಾಗುವ ವಿಮೆ ಎಲ್ಲ ಸೇರಿ ವರ್ಷಕ್ಕೆ ಎಷ್ಟು ಶೇಕಡಾ ಬೀಳುತ್ತದೆ ಎಂಬ ಎಪಿಆರ್ ಅದರಲ್ಲಿರಬೇಕು, ಕಂತುಕಂತಿನ ಪಟ್ಟಿ ಇರಬೇಕು. ಒಳ್ಳೆಯ ನಿಯಮ, ಸ್ವಾಗತಿಸುತ್ತೇವೆ. ಆದರೆ ಸಾಲ ಮುಗಿಯುವ ಹೊತ್ತಿಗೆ ಒಟ್ಟು ಎಷ್ಟು ಬಡ್ಡಿ, ಒಟ್ಟು ಎಷ್ಟು ಪಾವತಿ ಎಂಬ ಎರಡು ಅಂಕಿಗಳು ಹಿಂದಿನ ಅನುಬಂಧದ ಲೆಕ್ಕದ ಹಾಳೆಯಲ್ಲಿ ಕೂತಿರುತ್ತವೆ. ಅಲ್ಲಿಯವರೆಗೆ ಪುಟ ತಿರುವಿ ನೋಡುವ ವ್ಯವಧಾನ ಯಾರಿಗೂ ಇರುವುದಿಲ್ಲ.

ಆ ಎರಡು ಅಂಕಿ ಮೊದಲ ಪುಟದ ಮೇಲ್ಭಾಗಕ್ಕೆ ಬರಬೇಕು. ಅದೇ ಸಾಲ 15, 20 ಮತ್ತು 30 ವರ್ಷಕ್ಕೆ ಹೇಗಾಗುತ್ತದೆ ಎಂಬುದು ಪಕ್ಕಪಕ್ಕದಲ್ಲಿರಬೇಕು. ₹50 ಲಕ್ಷಕ್ಕೆ ಶೇ 8.5ರಂತೆ 15 ವರ್ಷವಾದರೆ ಕಂತು ₹49,237, ಬಡ್ಡಿ ₹38.6 ಲಕ್ಷ. 30 ವರ್ಷವಾದರೆ ಕಂತು ₹38,446, ಬಡ್ಡಿ ₹88.4 ಲಕ್ಷ. ಇಪ್ಪತ್ತರ ಬದಲು ಮೂವತ್ತು ವರ್ಷ ಆರಿಸಿಕೊಂಡವರಿಗೆ ತಿಂಗಳಿಗೆ ಐದು ಸಾವಿರ ಹಗುರವಾಯಿತೆಂಬ ಸಮಾಧಾನ ಸಿಗುತ್ತದೆ. ಅದಕ್ಕೆ ತೆರುವ ಹೆಚ್ಚುವರಿ ಬಡ್ಡಿ ₹34 ಲಕ್ಷ. ಈ ಸಾಲನ್ನು ಓದಿದ ಮೇಲೂ ಮೂವತ್ತು ವರ್ಷವೇ ಬೇಕೆನ್ನುವವರು ಇದ್ದಾರೆ, ಅವರ ಕಷ್ಟ ಅವರಿಗೆ ಗೊತ್ತು. ಓದಿದ ಮೇಲೆ ಆರಿಸಿಕೊಳ್ಳಲಿ.

ಇನ್ನೊಂದು ಸಾಲು ಸೇರಿಸಿ: ಅರ್ಧ ಅಸಲು ತೀರುವುದು ಯಾವಾಗ? ಮೇಲಿನ 20 ವರ್ಷದ ಸಾಲದಲ್ಲಿ ಮೊದಲ ತಿಂಗಳ ₹43,391ರಲ್ಲಿ ₹35,417 ಬಡ್ಡಿ, ಅಸಲಿಗೆ ಹೋಗುವುದು ₹7,974 ಮಾತ್ರ. ಐದು ವರ್ಷ ತಪ್ಪದೆ ಕಟ್ಟಿದರೆ ಒಟ್ಟು ₹26 ಲಕ್ಷ ಕಟ್ಟಿರುತ್ತೀರಿ, ಸಾಲ ಇಳಿದಿರುವುದು ₹6 ಲಕ್ಷಕ್ಕೂ ಕಡಿಮೆ. ಅರ್ಧ ಅಸಲು ತೀರುವಾಗ 13 ವರ್ಷ 10 ತಿಂಗಳು ಕಳೆದಿರುತ್ತದೆ. ಮಕ್ಕಳ ಶಾಲೆ ಬದಲಾಯಿತು, ವರ್ಗವಾಯಿತು ಎಂದು ಆರನೇ ವರ್ಷದಲ್ಲಿ ಫ್ಲಾಟು ಮಾರಲು ಹೊರಟವರು ಬ್ಯಾಂಕಿನ ಬಾಕಿ ಪತ್ರ ನೋಡಿ ‘ಇಷ್ಟು ವರ್ಷ ಕಟ್ಟಿದ್ದೆಲ್ಲ ಎಲ್ಲಿ ಹೋಯ್ತು?’ ಎಂದು ಕೇಳುವುದು ಈ ಲೆಕ್ಕ ಮೊದಲೇ ಗೊತ್ತಿಲ್ಲದ್ದರಿಂದ.

2. ಕನ್ನಡದಲ್ಲಿ ಕೊಡಿ

ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು, ಅದರಲ್ಲಿರುವುದನ್ನು ವಿವರಿಸಿ ಹೇಳಬೇಕು, ಅರ್ಥವಾಯಿತೆಂದು ಬರೆಸಿಕೊಳ್ಳಬೇಕು ಎಂದು ರಿಸರ್ವ್ ಬ್ಯಾಂಕೇ ಹೇಳಿದೆ. ನಡೆಯುತ್ತಿರುವುದು ಕೊನೆಯದು ಮಾತ್ರ. ರಾಜ್ಯ ಮಟ್ಟದ ಬ್ಯಾಂಕರುಗಳ ಸಮಿತಿ ಒಂದೇ ಮಾದರಿ ಕನ್ನಡ ಪತ್ರ ಸಿದ್ಧಪಡಿಸಿ ಎಲ್ಲ ಬ್ಯಾಂಕು, ಎಲ್ಲ ಗೃಹಸಾಲ ಕಂಪನಿಗಳಿಗೆ ಕೊಡಲಿ. ಭಾಷಾಂತರದ ಕನ್ನಡ ಬೇಡ. ಅಸಲು, ಬಡ್ಡಿ, ಕಂತು, ಬಾಕಿ, ಅಡಮಾನ ಎಂದು ಜನ ಆಡುವ ಮಾತಿನಲ್ಲಿ ಬರೆಯಿರಿ. ಇಎಂಐ ಎಂಬುದು ಎಲ್ಲರಿಗೂ ಗೊತ್ತು, ಅದಕ್ಕೆ ಹೊಸ ಪದ ಕಟ್ಟುವುದು ಬೇಕಿಲ್ಲ.

3. ಸಹಿಗೆ ಮುಂಚೆ ಪತ್ರಗಳು ಮನೆಗೆ ಬರಲಿ

ಸಹಿಯ ದಿನ ಹೇಗಿರುತ್ತದೆಂದು ಸಾಲ ತೆಗೆದುಕೊಂಡ ಯಾರನ್ನಾದರೂ ಕೇಳಿ. ಮೇಜಿನ ಮೇಲೆ ದಪ್ಪ ಕಟ್ಟು. ಸಹಿ ಬೀಳಬೇಕಾದ ಕಡೆಯೆಲ್ಲ ಪೆನ್ಸಿಲಿನಿಂದ ಗುರುತು ಹಾಕಿರುತ್ತಾರೆ. ಎದುರಿಗೆ ಕೂತವರು ಪುಟದ ಮೂಲೆ ಮಾತ್ರ ಎತ್ತಿ ಹಿಡಿಯುತ್ತಾರೆ, ‘ಇಲ್ಲಿ, ಇಲ್ಲಿ, ಮೇಡಂ ನೀವು ಇಲ್ಲಿ’ ಎನ್ನುತ್ತಾ ಹೋಗುತ್ತಾರೆ. ದರ ಬರೆಯಬೇಕಾದ ಜಾಗ ಕೆಲವು ಪುಟಗಳಲ್ಲಿ ಖಾಲಿಯೇ. ಹೊರಗೆ ಬಿಲ್ಡರ್ ಕಡೆಯವನ ಫೋನು, ನಾಳೆ ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ಸ್ಲಾಟ್ ಸಿಕ್ಕಿದೆ ಎಂದು. ಗಂಡ ಹೆಂಡತಿ ಅರ್ಧ ದಿನ ರಜೆ ಹಾಕಿ ಬಂದಿರುತ್ತಾರೆ. ಆ ಹೊತ್ತಿನಲ್ಲಿ ‘ಸ್ವಲ್ಪ ಓದುತ್ತೇವೆ’ ಎನ್ನಲು ಬಾಯಿ ಬರುವುದಿಲ್ಲ.

ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಕೊಟ್ಟ ಮೇಲೆ ಒಪ್ಪಲು ಕನಿಷ್ಠ ಮೂರು ಕೆಲಸದ ದಿನ ಅವಕಾಶವಿರಬೇಕೆಂದು ನಿಯಮವಿದೆ. ಇದೇ ನಿಯಮ ಇಡೀ ಸಾಲದ ಕರಾರಿಗೂ ಅನ್ವಯವಾಗಲಿ, ಮೂರರ ಬದಲು ಏಳು ದಿನವಾಗಲಿ. ಖಾಲಿ ಜಾಗವಿರುವ ಯಾವ ಪುಟಕ್ಕೂ ಸಹಿ ಹಾಕಿಸಿಕೊಳ್ಳಬಾರದು. ಸಹಿಯಾದ ದಿನವೇ ಎಲ್ಲ ಪುಟಗಳ ನಕಲು ಸಾಲಗಾರನ ಕೈಗೆ ಬರಬೇಕು.

4. ಬಡ್ಡಿ ಏರಿದರೆ ಏನಾಗುತ್ತದೆ ಎಂಬುದನ್ನು ನಿಜವಾದ ಪ್ರಮಾಣದಲ್ಲಿ ತೋರಿಸಿ

ಈ ಪತ್ರದಲ್ಲಿ ನಮಗೆ ಅತ್ಯಂತ ಮುಖ್ಯವಾದ ಬೇಡಿಕೆ ಇದು.

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ (ಏರಿಳಿಯುವ ದರದ) ಮನೆಸಾಲಗಳು, ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕ್ ಸಾಲ ಕೊಡುವ ರೆಪೊ ದರದಂಥ ಹೊರಗಿನ ದರಕ್ಕೆ ತಳುಕು ಹಾಕಿಕೊಂಡಿವೆ. ರೆಪೊ ದರ 2020ರ ಮೇ ತಿಂಗಳಿಂದ ಎರಡು ವರ್ಷ ಶೇ 4ರಲ್ಲಿತ್ತು. ಆಗ ಶೇ 7ರ ಆಸುಪಾಸಿನಲ್ಲಿ ಸಾಲ ಸಿಗುತ್ತಿತ್ತು, ನಮ್ಮಲ್ಲಿ ಬಹಳ ಮಂದಿ ಆಗಲೇ ಧೈರ್ಯ ಮಾಡಿದರು. 2022ರ ಮೇ 4ರಿಂದ ಏರಿಕೆ ಶುರುವಾಗಿ 2023ರ ಫೆಬ್ರವರಿ ಹೊತ್ತಿಗೆ ರೆಪೊ ಶೇ 6.50 ಮುಟ್ಟಿತು.

ಶೇ 7ಕ್ಕೆ ₹50 ಲಕ್ಷ, 20 ವರ್ಷಕ್ಕೆ ತೆಗೆದುಕೊಂಡವರ ಕಂತು ₹38,765. ಒಂದು ವರ್ಷ ಕಟ್ಟಿದ ಮೇಲೆ ಬಾಕಿ ಸುಮಾರು ₹48.81 ಲಕ್ಷ. ಲೆಕ್ಕಕ್ಕೆ ಸುಲಭವಾಗಲೆಂದು ದರ ಒಂದೇ ಸಲ ಶೇ 9.5 ಆಯಿತೆಂದುಕೊಳ್ಳಿ. ಆಗ ಒಂದು ತಿಂಗಳ ಬಡ್ಡಿಯೇ ₹38,642. ಹಳೆಯ ಕಂತಿನಲ್ಲಿ ಬಡ್ಡಿ ಕಳೆದು ಅಸಲಿಗೆ ಉಳಿಯುವುದು ₹123. ಅದೇ ಕಂತು ಮುಂದುವರಿಸಿ ಅವಧಿ ಹಿಗ್ಗಿಸಿದರೆ ಸಾಲ ತೀರಲು ಇನ್ನೂ 60 ವರ್ಷಕ್ಕೂ ಹೆಚ್ಚು ಬೇಕು. ಮೊದಲು ಹೇಳಿದ ಅವಧಿಯಲ್ಲೇ ಮುಗಿಸಬೇಕೆಂದರೆ ಕಂತು ₹46,300 ದಾಟಬೇಕು, ಅಂದರೆ ತಿಂಗಳಿಗೆ ₹7,500ಕ್ಕೂ ಹೆಚ್ಚು. ಇಂಥ ಹೊತ್ತಿನಲ್ಲಿ ಬ್ಯಾಂಕುಗಳು ಸಾಧ್ಯವಾದಷ್ಟು ಅವಧಿ ಹಿಗ್ಗಿಸಿ, ಇನ್ನು ಹಿಗ್ಗಿಸಲಾಗದ ಕಡೆ ಕಂತು ಏರಿಸಿದವು. ಹಲವರಿಗೆ ಗೊತ್ತಾದದ್ದು ತಿಂಗಳುಗಳ ನಂತರ, ಸ್ಟೇಟ್‌ಮೆಂಟು ತೆಗೆಸಿ ನೋಡಿದಾಗ. ಐವತ್ತೆಂಟಕ್ಕೋ ಅರವತ್ತಕ್ಕೋ ಮುಗಿಯಬೇಕಿದ್ದ ಸಾಲ ನಿವೃತ್ತಿಯ ಆಚೆಗೆ ಹೋಗಿ ಕೂತಿತ್ತು.

2023ರ ಆಗಸ್ಟ್ 18ರ ಸುತ್ತೋಲೆ ಇದಕ್ಕೆ ಸ್ವಲ್ಪ ಕಡಿವಾಣ ಹಾಕಿತು. ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡೂ ಸ್ವಲ್ಪ ಸ್ವಲ್ಪವೋ ಎಂಬ ಆಯ್ಕೆ ಸಾಲಗಾರನದು. ಕಟ್ಟಿದ ಕಂತು ಬಡ್ಡಿಗೂ ಸಾಕಾಗದ ಸ್ಥಿತಿ ಬರಬಾರದು. ಮೂರು ತಿಂಗಳಿಗೊಮ್ಮೆ ಅಸಲು, ಬಡ್ಡಿ, ಉಳಿದ ಕಂತುಗಳ ಲೆಕ್ಕ ಕೊಡಬೇಕು. ಇವು ಕಾಗದದ ಮೇಲಿವೆ. ಶಾಖೆಯಲ್ಲಿ ಕೇಳಿದರೆ ‘ಆ್ಯಪ್‌ನಲ್ಲಿ ನೋಡಿಕೊಳ್ಳಿ’ ಎನ್ನುತ್ತಾರೆ.

ನಾವು ಕೇಳುವುದು ಇಷ್ಟು. ಮೊದಲನೆಯದಾಗಿ, ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟಿನ ಈಗಿನ ನಮೂನೆಯಲ್ಲಿ ದರ ಶೇ 0.25 ಬದಲಾದರೆ ಕಂತು, ಅವಧಿ ಎಷ್ಟಾಗುತ್ತದೆಂದು ತೋರಿಸುತ್ತಾರೆ. ಒಂಬತ್ತು ತಿಂಗಳಲ್ಲಿ ಅದರ ಹತ್ತು ಪಟ್ಟು ಏರಿದ್ದನ್ನು ಕಣ್ಣಾರೆ ಕಂಡಿದ್ದೇವೆ. ಆದ್ದರಿಂದ ಶೇ 2.5 ಏರಿದರೆ ಏನಾಗುತ್ತದೆ ಎಂಬುದನ್ನೂ ತೋರಿಸಬೇಕು. ಎರಡನೆಯದಾಗಿ, ಅವಧಿ ಹಿಗ್ಗಿಸುವ ಮುನ್ನ ಲಿಖಿತ ಒಪ್ಪಿಗೆ ಕಡ್ಡಾಯವಾಗಬೇಕು, ಆ ಪತ್ರದಲ್ಲಿ ‘ಇದರಿಂದ ನೀವು ಹೆಚ್ಚು ಕಟ್ಟುವ ಬಡ್ಡಿ ಇಷ್ಟು ರೂಪಾಯಿ’ ಎಂದಿರಬೇಕು. ಕೊನೆಯದಾಗಿ, ದರ ಇಳಿದಾಗಲೂ ಇದೇ ಪತ್ರ ಬರಬೇಕು. 2025ರ ಫೆಬ್ರವರಿಯಿಂದ ಜೂನ್‌ವರೆಗೆ ರೆಪೊ ಶೇ 6.50ರಿಂದ 5.50ಕ್ಕೆ ಇಳಿಯಿತು. ಆಗ ಕಂತು ಇಳಿಸಿಕೊಳ್ಳದೆ ಹಾಗೇ ಬಿಟ್ಟವರ ಸಾಲ ವರ್ಷಗಳ ಮುಂಚೆ ತೀರುತ್ತದೆ. ನಮ್ಮ ಅಭಿಪ್ರಾಯದಲ್ಲಿ ಬಹುಪಾಲು ಜನರಿಗೆ ಅದೇ ಒಳ್ಳೆಯದು. ಅದನ್ನು ಹೇಳುವ ಹೊಣೆ ಸಾಲ ಕೊಟ್ಟವರ ಮೇಲಿರಬೇಕು.

5. ಹಳೆಯ ಗಿರಾಕಿಗೆ ಹೆಚ್ಚು ದರ, ಹೊಸಬನಿಗೆ ಕಡಿಮೆ ದರ ಎಂಬುದು ನಿಲ್ಲಲಿ

ರೆಪೊ ಮೇಲೆ ಬ್ಯಾಂಕು ಸೇರಿಸುವ ಸ್ಪ್ರೆಡ್ ಹೊಸ ಸಾಲಗಾರನಿಗೆ ಕಡಿಮೆಯಾಗುತ್ತಾ ಹೋಗಬಹುದು, ವರ್ಷಗಳಿಂದ ಒಂದು ಕಂತೂ ತಪ್ಪಿಸದವನಿಗೆ ಹಳೆಯದೇ ಇರುತ್ತದೆ. ಹೋಗಿ ಕೇಳಿದವರಿಗೆ ಶುಲ್ಕ ತೆಗೆದುಕೊಂಡು ಇಳಿಸಿಕೊಡುತ್ತಾರೆ, ಕೇಳದವರಿಗೆ ಇಲ್ಲ. ಇನ್ನೂ ಬೇಸ್ ರೇಟ್, ಎಂಸಿಎಲ್‌ಆರ್ ಎಂಬ ಹಳೆಯ ದರಗಳಲ್ಲೇ ಉಳಿದ ಹಿರಿಯರು ನಮ್ಮ ಬೀದಿಗಳಲ್ಲಿದ್ದಾರೆ. ಗೃಹಸಾಲ ಕಂಪನಿಗಳಿಗಂತೂ ಹೊರಗಿನ ದರದ ನಿಯಮವೇ ಅನ್ವಯವಾಗುವುದಿಲ್ಲ. ರೆಪೊ ಏರಿದಾಗ ಅವರ ದರವೂ ಏರುತ್ತದೆ, ಇಳಿದಾಗ ಯಾವಾಗ ಇಳಿಸಬೇಕೆಂಬುದು ಅವರ ಇಷ್ಟ. ವರ್ಷಕ್ಕೊಮ್ಮೆ ಪ್ರತಿ ಸಾಲಗಾರನಿಗೂ ‘ನಿಮ್ಮಂಥ ಹೊಸ ಸಾಲಗಾರನಿಗೆ ಇವತ್ತು ನಾವು ಕೊಡುವ ದರ ಇಷ್ಟು, ನಿಮ್ಮದು ಇಷ್ಟು’ ಎಂದು ತಿಳಿಸಬೇಕು. ಶುಲ್ಕವಿಲ್ಲದೆ ಬದಲಾಯಿಸಿಕೊಡಬೇಕು. ಹೊರಗಿನ ದರದ ನಿಯಮ ಗೃಹಸಾಲ ಕಂಪನಿಗಳಿಗೂ ಬರಬೇಕು.

6. ವಿಮೆಯನ್ನು ಸಾಲದೊಳಗೆ ಸೇರಿಸಬೇಡಿ

ಮನೆಸಾಲಕ್ಕೆ ಜೀವವಿಮೆ ಕಡ್ಡಾಯ ಎಂದು ಯಾವ ಕಾನೂನೂ ಹೇಳುವುದಿಲ್ಲ. ಆದರೂ ಮಂಜೂರಾತಿ ಪತ್ರದಲ್ಲಿ ಒಂದೇ ಕಂತಿನ ಪ್ರೀಮಿಯಂ ತಾನಾಗಿಯೇ ಬಂದಿರುತ್ತದೆ. ‘ಸಾಲಕ್ಕೇ ಸೇರಿಸ್ತೀವಿ ಸಾರ್, ತಿಂಗಳಿಗೆ ಸಾವಿರದ ಚಿಲ್ಲರೆ ಅಷ್ಟೇ’ ಎನ್ನುತ್ತಾರೆ. ₹1.5 ಲಕ್ಷದ ಪ್ರೀಮಿಯಂ ಶೇ 8.5ರಲ್ಲಿ 20 ವರ್ಷ ಸಾಲವಾಗಿ ಕೂತರೆ ₹3.12 ಲಕ್ಷವಾಗುತ್ತದೆ.

ವಿಮೆ ಬೇಡವೆನ್ನುವುದಿಲ್ಲ. ದುಡಿಯುವವರು ಒಬ್ಬರೇ ಇರುವ ಮನೆಗೆ ವಿಮೆ ಇರಲೇಬೇಕು. ಆದರೆ ಈ ಬಗೆಯ ಅನೇಕ ಪಾಲಿಸಿಗಳಲ್ಲಿ ವಿಮಾ ಮೊತ್ತ ಮೊದಲ ದಿನದ ಸಾಲದ ಪಟ್ಟಿಯಂತೆ ವರ್ಷವರ್ಷ ಇಳಿಯುತ್ತದೆ. ಬಡ್ಡಿ ಏರಿ ಸಾಲದ ಅವಧಿ ಹಿಗ್ಗಿದಾಗ ವಿಮೆ ಹಿಗ್ಗುವುದಿಲ್ಲ. ಕೆಲವು ಪಾಲಿಸಿಗಳ ಅವಧಿಯೇ ಸಾಲದ ಅವಧಿಗಿಂತ ಚಿಕ್ಕದು. ‘ಇನ್ಶೂರೆನ್ಸ್ ಇದೆಯಲ್ಲ’ ಎಂದು ನಂಬಿದ್ದ ಹೆಂಡತಿಗೆ, ಗಂಡ ತೀರಿಕೊಂಡ ಮೇಲೆ, ಲಕ್ಷಗಳ ಬಾಕಿ ಉಳಿದಿದೆಯೆಂದು ತಿಳಿಯುವುದಕ್ಕಿಂತ ದೊಡ್ಡ ಅನ್ಯಾಯ ಈ ಪತ್ರದಲ್ಲಿ ಬೇರೆ ಯಾವುದೂ ಇಲ್ಲ.

ವಿಮೆಗೆ ಪ್ರತ್ಯೇಕ ಅರ್ಜಿ, ಪ್ರತ್ಯೇಕ ಸಹಿ, ಪ್ರತ್ಯೇಕ ಚೆಕ್ ಇರಲಿ. ಹೊರಗಿನ ಟರ್ಮ್ ಪಾಲಿಸಿ ತಂದರೆ ಒಪ್ಪಿಕೊಳ್ಳಿ. ಮೂರು ತಿಂಗಳ ಲೆಕ್ಕದಲ್ಲಿ ಸಾಲದ ಬಾಕಿಯ ಪಕ್ಕದಲ್ಲೇ ಇವತ್ತಿನ ವಿಮಾ ಮೊತ್ತ ಎಷ್ಟೆಂದು ಬರೆಯಿರಿ.

7. ಮುಂಗಡ ಪಾವತಿಯ ದಾರಿ ಸಲೀಸಾಗಲಿ

ಫ್ಲೋಟಿಂಗ್ ಮನೆಸಾಲವನ್ನು ಬೇಗ ತೀರಿಸಿದರೆ ದಂಡ ಹಾಕಬಾರದೆಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಬ್ಯಾಂಕುಗಳಿಗೆ ಹೇಳಿತು. ದಂಡ ಹೋಯಿತು, ತೊಡಕು ಹೋಗಲಿಲ್ಲ. ಸ್ವಂತ ಶಾಖೆಗೇ ಹೋಗಬೇಕು, ಇಂತಿಷ್ಟಕ್ಕಿಂತ ಕಡಿಮೆ ಕಟ್ಟುವ ಹಾಗಿಲ್ಲ, ತಿಂಗಳ ಇಂಥ ತಾರೀಕಿನೊಳಗೇ ಬರಬೇಕು ಎಂದೆಲ್ಲ ಹೇಳುತ್ತಾರೆ. ಕಟ್ಟಿದ ಹಣ ಅಸಲಿಗೆ ಹೋಗದೆ ಮುಂದಿನ ಕಂತುಗಳ ಲೆಕ್ಕಕ್ಕೆ ಕೂತಿರುವುದೂ ಉಂಟು.

₹50 ಲಕ್ಷದ ಆ ಸಾಲಕ್ಕೇ ವರ್ಷದ ಕೊನೆಯಲ್ಲಿ ಒಂದೇ ಒಂದು ಕಂತು ಹೆಚ್ಚಾಗಿ ಕಟ್ಟುತ್ತಾ ಬಂದರೆ ಸಾಲ ಅವಧಿಗಿಂತ ಮೂರು ವರ್ಷಕ್ಕೂ ಹೆಚ್ಚು ಮುಂಚೆ ತೀರುತ್ತದೆ, ಸುಮಾರು ₹10 ಲಕ್ಷ ಬಡ್ಡಿ ಉಳಿಯುತ್ತದೆ. ದಸರಾ ಬೋನಸ್ಸೋ ಚೀಟಿ ಹಣವೋ ಕೈಗೆ ಬಂದಾಗ ಯಾರು ಬೇಕಾದರೂ ಮಾಡಬಹುದಾದ ಕೆಲಸ. ಎಷ್ಟು ಸಣ್ಣ ಮೊತ್ತವಾದರೂ, ಯಾವ ದಿನವಾದರೂ, ಯಾವ ಶಾಖೆಯಲ್ಲಾದರೂ ಕಟ್ಟಿಸಿಕೊಳ್ಳಬೇಕು. ಅದೇ ದಿನ ಅಸಲಿನಿಂದ ಕಳೆಯಬೇಕು. ರಸೀದಿಯಲ್ಲಿ ‘ಇದರಿಂದ ಇಷ್ಟು ಕಂತು ಕಡಿಮೆಯಾಯಿತು’ ಎಂದಿರಬೇಕು.

8. ತೆರಿಗೆ ಉಳಿತಾಯದ ಮಾತು ಪೂರ್ತಿ ಹೇಳಿ

ವಾಸದ ಮನೆಯ ಸಾಲದ ಬಡ್ಡಿಗೆ ವರ್ಷಕ್ಕೆ ₹2 ಲಕ್ಷದವರೆಗಿನ ವಿನಾಯಿತಿ ಇರುವುದು ಹಳೆಯ ತೆರಿಗೆ ಪದ್ಧತಿಯಲ್ಲಿ. ಹೊಸ ಪದ್ಧತಿಯಲ್ಲಿ ಇಲ್ಲ. 2023–24ರಿಂದ ನಾವೇ ಬೇರೆ ಹೇಳದಿದ್ದರೆ ಹೊಸ ಪದ್ಧತಿಯೇ ಅನ್ವಯ. ಯಾವ ಪದ್ಧತಿಯಲ್ಲಿದ್ದೀರಿ ಎಂದು ಕೇಳದೆ ಬಡ್ಡಿಯಿಂದ ತೆರಿಗೆ ಉಳಿತಾಯ ಕಳೆದು ತೋರಿಸುವುದನ್ನು ನಿಷೇಧಿಸಿ.

9. ಮನೆ ಕೈಗೆ ಬರುವ ಮುನ್ನವೇ ಓಡುವ ಬಡ್ಡಿಗೆ ಹೊಣೆ ಯಾರು?

ಕಟ್ಟುತ್ತಿರುವ ಅಪಾರ್ಟ್‌ಮೆಂಟಿಗೆ ಬ್ಯಾಂಕು ಹಂತಹಂತವಾಗಿ ಹಣ ಬಿಡುಗಡೆ ಮಾಡುತ್ತದೆ. ₹25 ಲಕ್ಷ ಬಿಡುಗಡೆಯಾಗಿದ್ದರೆ ಶೇ 8.5ರಂತೆ ತಿಂಗಳಿಗೆ ₹17,708 ಬಡ್ಡಿ. ಇದನ್ನು ಪ್ರಿ-ಇಎಂಐ ಎನ್ನುತ್ತಾರೆ. ಎರಡು ವರ್ಷಕ್ಕೆ ₹4.25 ಲಕ್ಷ ಆಗುತ್ತದೆ, ಅದರಲ್ಲಿ ಒಂದು ರೂಪಾಯಿಯೂ ಅಸಲಿಗೆ ಹೋಗುವುದಿಲ್ಲ. ಜೊತೆಗೆ ಈಗಿರುವ ಮನೆಯ ಬಾಡಿಗೆ. ಬಿಲ್ಡರ್ ತಡ ಮಾಡಿದ ಪ್ರತಿ ತಿಂಗಳೂ ಇವೆರಡೂ ನಮ್ಮ ತಲೆಯ ಮೇಲೆ.

ರೇರಾ ಕಾಯ್ದೆಯಲ್ಲಿ ತಡವಾದರೆ ಬಡ್ಡಿ ಕೊಡಿಸುವ ಅವಕಾಶವಿದೆ, ಆದೇಶಗಳೂ ಆಗುತ್ತವೆ. ಆದೇಶದ ಹಣ ಕಂದಾಯ ಬಾಕಿಯಂತೆ ವಸೂಲಾಗಿ ಕೈಗೆ ಬರುವುದು ಇನ್ನೊಂದು ದೀರ್ಘ ಪ್ರಯಾಣ. ಆ ಆದೇಶಗಳ ವಸೂಲಿಗೆ ಗಡುವು ಬೇಕು. ಗಡುವು ಮೀರಿದ ಯೋಜನೆಗೆ ಬ್ಯಾಂಕು ಬಿಡುಗಡೆ ಮಾಡುವ ಮುಂದಿನ ಪ್ರತಿ ಕಂತಿಗೂ ಸಾಲಗಾರನ ಹೊಸ ಲಿಖಿತ ಒಪ್ಪಿಗೆ ಬೇಕು.

ಇಲ್ಲಿ ಖಾಸಗಿ ಬಿಲ್ಡರ್‌ಗಳನ್ನು ಮಾತ್ರ ದೂರಿದರೆ ನ್ಯಾಯವಾಗದು. ಕೆಂಗೇರಿ ಪಕ್ಕದ ನಾಡಪ್ರಭು ಕೆಂಪೇಗೌಡ ಬಡಾವಣೆಯಲ್ಲಿ ಬಿಡಿಎ 2016ರಿಂದ ನಿವೇಶನ ಹಂಚಿದೆ. ಮೈಸೂರು ರಸ್ತೆ, ಮಾಗಡಿ ರಸ್ತೆಗಳ ನಡುವಿನ ಆ ಬಡಾವಣೆ ರೇರಾದಲ್ಲಿ ನೋಂದಣಿಯಾದದ್ದು. ಸರ್ಕಾರಿ ಸಂಸ್ಥೆ, ಮೋಸ ಆಗುವುದಿಲ್ಲ ಎಂಬ ನಂಬಿಕೆಯಿಂದ ಸಾಲ ಮಾಡಿ ಹಣ ಕಟ್ಟಿದವರು ನೀರು, ವಿದ್ಯುತ್, ಒಳಚರಂಡಿ, ರಸ್ತೆಗಾಗಿ ವರ್ಷಗಟ್ಟಲೆ ಕಾದಿದ್ದಾರೆ. ನಿವೇಶನದ ಸಾಲದ ಬಡ್ಡಿಗೆ ಮನೆ ಕಟ್ಟುವವರೆಗೆ ತೆರಿಗೆ ವಿನಾಯಿತಿಯೂ ಇಲ್ಲ. ಗೊತ್ತುಪಡಿಸಿದ ಅವಧಿಯಲ್ಲಿ ಮನೆ ಕಟ್ಟದಿದ್ದರೆ ದರ ಏರಿಸುವ ಷರತ್ತು ಹಲವು ಕರಾರುಗಳಲ್ಲಿದೆ. ನೀರಿಲ್ಲದ ಕಡೆ ಮನೆ ಕಟ್ಟುವುದು ಹೇಗೆ? ಮೂಲಸೌಕರ್ಯ ಪೂರ್ಣವಾಗಿಲ್ಲವೆಂದು ಬಿಡಿಎ ಪ್ರತಿ ನಿವೇಶನದಾರರಿಗೂ ಪತ್ರ ಕೊಡಲಿ, ಆ ಪತ್ರವಿದ್ದವರ ಮೇಲೆ ಬ್ಯಾಂಕು ಈ ಷರತ್ತು ಹೇರದಿರಲಿ, ತಡವಾದ ಅವಧಿಯ ಬಡ್ಡಿಯನ್ನು ಬಿಡಿಎ ತುಂಬಿಕೊಡಲಿ.

10. ನೋಂದಣಿ ಖರ್ಚು ಮೊದಲೇ ತಿಳಿಸಿ, ಏರಿಕೆ ಹಿಂದಕ್ಕೆ ತೆಗೆದುಕೊಳ್ಳಿ

ನಗರದಲ್ಲಿ ₹45 ಲಕ್ಷ ಮೀರಿದ ಮನೆಗೆ ಮುದ್ರಾಂಕ ಶುಲ್ಕ, ಅದರ ಮೇಲಿನ ಸೆಸ್, ಸರ್‌ಚಾರ್ಜ್ ಸೇರಿ ಶೇ 5.6. ನೋಂದಣಿ ಶುಲ್ಕವನ್ನು 2025ರ ಆಗಸ್ಟ್ 31ರಿಂದ ಶೇ 1ರಿಂದ 2ಕ್ಕೆ ಏರಿಸಲಾಯಿತು. ₹70 ಲಕ್ಷದ ಫ್ಲಾಟಿಗೆ ಈ ಒಂದು ಏರಿಕೆಯೇ ₹70,000. ಈ ಖರ್ಚಿಗೆ ಸಾಮಾನ್ಯವಾಗಿ ಮನೆಸಾಲ ಸಿಗುವುದಿಲ್ಲ. ಸಿಗದವರು ಶೇ 12ಕ್ಕೋ 14ಕ್ಕೋ ಪರ್ಸನಲ್ ಲೋನ್ ತೆಗೆಯುತ್ತಾರೆ, ಇಲ್ಲವೇ ಬಳೆ ಸರ ಅಡವಿಡುತ್ತಾರೆ. ಸ್ವಂತ ವಾಸಕ್ಕೆ ಮೊದಲ ಮನೆ ಕೊಳ್ಳುವವರಿಗೆ ಹಳೆಯ ಶೇ 1ನ್ನೇ ಉಳಿಸಿ.

11. ಅಡವಿಟ್ಟ ಮನೆಯನ್ನು ಲೀಸಿಗೆ ಪಡೆಯುವವರನ್ನು ಕಾಪಾಡಿ

ವಿಜಯನಗರ, ಬಸವೇಶ್ವರನಗರದ ಯಾವ ಅಡ್ಡರಸ್ತೆಯಲ್ಲಿ ಕೇಳಿದರೂ ಲೀಸಿನ ಮನೆ ಸಿಗುತ್ತದೆ. ಹತ್ತೋ ಹದಿನೈದೋ ಲಕ್ಷ ಒಟ್ಟಿಗೆ ಕೊಟ್ಟು ಮೂರು ವರ್ಷ ಬಾಡಿಗೆಯಿಲ್ಲದೆ ಇರುವುದು, ಬಿಡುವಾಗ ಹಣ ವಾಪಸ್. ಕಂತಿನ ಭಾರ ತಾಳಲಾರದ ಮಾಲೀಕರು ಮೇಲಿನ ಮಹಡಿಯನ್ನು ಹೀಗೆ ಕೊಟ್ಟು ಹಣ ಎತ್ತುತ್ತಾರೆ. ಮಾಲೀಕನ ಕಂತು ತಪ್ಪಿ 90 ದಿನ ಕಳೆದರೆ ಸಾಲ ಎನ್‌ಪಿಎ (ವಸೂಲಾಗದ ಸಾಲ). 2002ರ ಸರ್ಫೇಸಿ ಕಾಯ್ದೆಯಂತೆ 60 ದಿನದ ನೋಟಿಸು, ಆಮೇಲೆ ಸ್ವಾಧೀನ. ಮನೆ ಅಡಮಾನದಲ್ಲಿದೆ ಎಂಬುದು ಲೀಸಿಗೆ ಬಂದವರಿಗೆ ಗೊತ್ತಾಗುವುದು ಗೇಟಿಗೆ ನೋಟಿಸು ಅಂಟಿಸಿದ ದಿನ. ಅವರ ಕರಾರು ಸ್ಟಾಂಪ್ ಪೇಪರಿನ ಮೇಲಿರುತ್ತದೆ, ನೋಂದಣಿಯಾಗಿರುವುದಿಲ್ಲ. ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋಗುವ ಅವಕಾಶ 2016ರ ತಿದ್ದುಪಡಿಯಲ್ಲಿದೆ, ಆದರೆ ನೋಂದಣಿಯಾಗದ ಕಾಗದ ಹಿಡಿದು ಹೋದವರಿಗೆ ಅಲ್ಲಿ ನಿಲ್ಲಲು ನೆಲೆಯಿಲ್ಲ.

ಮನೆಸಾಲದ ನಿಜವಾದ ಬೆಲೆಯನ್ನು ಸಾಲಗಾರನಲ್ಲದವನೂ ತೆರುವ ಪರಿ ಇದು. ಪ್ರತಿ ಅಡಮಾನವೂ ಋಣಭಾರ ಪತ್ರದಲ್ಲಿ (ಇಸಿ) ಕಾಣಲೇಬೇಕು, ನೋಂದಣಿ ಇಲಾಖೆಯ ಕಾವೇರಿ ತಂತ್ರಾಂಶದಲ್ಲಿ ಮನೆಯ ವಿಳಾಸದಿಂದ ಯಾರು ಬೇಕಾದರೂ ಉಚಿತವಾಗಿ ನೋಡುವಂತಿರಬೇಕು. ಲೀಸ್ ಕರಾರಿನ ನೋಂದಣಿಗೆ ಅಲ್ಪ ನಿಗದಿತ ಶುಲ್ಕ ಸಾಕು. ಸ್ವಾಧೀನದ ಮೊದಲ ನೋಟಿಸಿನ ಪ್ರತಿ ಮನೆಯಲ್ಲಿ ವಾಸವಿರುವವರಿಗೂ ಕನ್ನಡದಲ್ಲಿ ತಲುಪಬೇಕು.

12. ಸಾಲ ತೀರಿದ ಮೇಲೆ ಪೂರ್ತಿ ಬಿಡಿ

ಸಾಲ ತೀರಿದ 30 ದಿನದೊಳಗೆ ಮೂಲ ಪತ್ರಗಳನ್ನು ಹಿಂದಿರುಗಿಸಬೇಕು, ನೋಂದಾಯಿಸಿದ ಋಣಭಾರ ತೆಗೆಸಬೇಕು, ತಡವಾದರೆ ದಿನಕ್ಕೆ ₹5,000 ಕೊಡಬೇಕು. 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿರುವ ಈ ನಿಯಮ ನಮಗೆ ಬಹಳ ನೆಮ್ಮದಿ ಕೊಟ್ಟಿದೆ. ಉಳಿದಿರುವ ತೊಡಕು ಒಂದು. ಪತ್ರಗಳು, ಎನ್‌ಒಸಿ ಕೈಗೆ ಬಂದರೆ ಎಲ್ಲ ಮುಗಿಯಿತೆಂದು ಜನ ಬೀರುವಿನಲ್ಲಿಡುತ್ತಾರೆ. ವರ್ಷಗಳ ಮೇಲೆ ಮಾರಲು ಹೊರಟಾಗ ಇಸಿಯಲ್ಲಿ ಹಳೆಯ ಅಡಮಾನ ಹಾಗೇ ಇರುತ್ತದೆ. ಅಷ್ಟರಲ್ಲಿ ಆ ಶಾಖೆ ಇನ್ನೊಂದು ಬ್ಯಾಂಕಿನಲ್ಲಿ ವಿಲೀನವಾಗಿರುತ್ತದೆ. ಅಡಮಾನ ರದ್ದತಿಯನ್ನು ಬ್ಯಾಂಕೇ ಆನ್‌ಲೈನಿನಲ್ಲಿ ಸಬ್ ರಿಜಿಸ್ಟ್ರಾರ್ ಕಚೇರಿಗೆ ಕಳಿಸಲಿ, ಸಾಲಗಾರನಿಗೆ ಖರ್ಚು ಬೀಳದಿರಲಿ, ಶುದ್ಧವಾದ ಇಸಿಯ ಪ್ರತಿಯನ್ನು ಮೂಲ ಪತ್ರಗಳ ಜೊತೆಗೇ ಕೊಡಲಿ. ರಾಜಾಜಿನಗರ ನೋಂದಣಿ ಜಿಲ್ಲೆಯಲ್ಲೇ ಇದನ್ನು ಮೊದಲು ಜಾರಿಗೆ ತರಬೇಕೆಂದು ಕೇಳುತ್ತೇವೆ.

ಈ ಹನ್ನೆರಡರಲ್ಲಿ 2ನೆಯದಕ್ಕೆ ಹೊಸ ನಿಯಮ ಬೇಕಿಲ್ಲ, ಇರುವುದನ್ನು ಪಾಲಿಸಿದರೆ ಸಾಕು. 3, 5, 6 ಮತ್ತು 7ನ್ನು ಬ್ಯಾಂಕರುಗಳ ಸಮಿತಿ ಮನಸ್ಸು ಮಾಡಿದರೆ ತನ್ನ ಮುಂದಿನ ಸಭೆಯಲ್ಲೇ ಒಪ್ಪಬಹುದು, ಗೃಹಸಾಲ ಕಂಪನಿಗಳ ದರದ ನಿಯಮವೊಂದನ್ನು ಬಿಟ್ಟು. ಅದಕ್ಕೂ 1, 4ಕ್ಕೂ ರಿಸರ್ವ್ ಬ್ಯಾಂಕಿನ ಒಂದೊಂದು ತಿದ್ದುಪಡಿ ಬೇಕು, 10, 11, 12ಕ್ಕೆ ರಾಜ್ಯ ಸರ್ಕಾರದ ಆದೇಶ ಬೇಕು. ಪ್ರತಿ ಬೇಡಿಕೆಗೂ ಪ್ರತ್ಯೇಕವಾಗಿ, ಆಗುತ್ತದೆ ಅಥವಾ ಇಂಥ ಕಾರಣಕ್ಕೆ ಆಗುವುದಿಲ್ಲ ಎಂದು, 60 ದಿನದೊಳಗೆ ಕನ್ನಡದಲ್ಲಿ ಲಿಖಿತ ಉತ್ತರ ಕೊಡಿ. ಬಂದ ಉತ್ತರಗಳನ್ನು ನಮ್ಮ ಬಡಾವಣೆಗಳ ಗ್ರಂಥಾಲಯ, ಹಾಲಿನ ಬೂತು, ಅಪಾರ್ಟ್‌ಮೆಂಟುಗಳ ನೋಟಿಸ್ ಬೋರ್ಡುಗಳಲ್ಲಿ ಹಾಕುತ್ತೇವೆ, ಬಾರದ ಉತ್ತರಗಳ ಪಟ್ಟಿಯನ್ನೂ ಅದರ ಪಕ್ಕದಲ್ಲೇ ಹಾಕುತ್ತೇವೆ.

ಇಂತಿ,
ರಾಜಾಜಿನಗರ, ಬಸವೇಶ್ವರನಗರ, ವಿಜಯನಗರ, ಕೆಂಗೇರಿಯ ಮನೆಸಾಲಗಾರರು